ಚೌಕಟ್ಟಿನ ಅಂಚಿನಲ್ಲಿ ನಿಂತವರು

1994ರಲ್ಲಿ ಇಂಗ್ಲೆಂಡಿನ ಲ್ಯಾಂಕಶೈರ್ ಸೀಮೆಯ ಬ್ಲ್ಯಾಕ್‌ಬರ್ನ್ ಪಟ್ಟಣದಲ್ಲಿ, ನಾರ್ತ್‌ಗೇಟ್ ಎಂಬ ಬೀದಿಯ ಹಳೆಯ ಅಂಗಡಿಯೊಂದನ್ನು ಖಾಲಿ ಮಾಡುತ್ತಿದ್ದ ಕೆಲಸಗಾರರಿಗೆ ನೆಲಮಾಳಿಗೆಯಲ್ಲಿ ಲೋಹದ ಮೂರು ಪೀಪಾಯಿಗಳು ಸಿಕ್ಕವು. ನೋಡಲು ಡೇರಿಯ ಹಾಲಿನ ಕ್ಯಾನುಗಳಂತಿದ್ದ ಅವುಗಳೊಳಗೆ 800ಕ್ಕೂ ಹೆಚ್ಚು ಪುಟ್ಟ ಫಿಲ್ಮ್ ಸುರುಳಿಗಳು ಒತ್ತೊತ್ತಾಗಿ ತುಂಬಿದ್ದವು. ಗುಜರಿಗೆ ಹೋಗಬಹುದಾಗಿದ್ದ ಈ ಸುರುಳಿಗಳು ಊರಿನ ಇತಿಹಾಸದಲ್ಲಿ ಆಸಕ್ತಿಯಿದ್ದ ಪೀಟರ್ ವರ್ಡನ್ ಎಂಬವರ ಕೈ ಸೇರಿದವು. ಅವರು ಅವನ್ನು ತಣ್ಣಗಿನ ಪೆಟ್ಟಿಗೆಯಲ್ಲಿ ಜೋಪಾನವಾಗಿಟ್ಟುಕೊಂಡು, 2000ದಲ್ಲಿ ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಒಪ್ಪಿಸಿದರು. ಸಂಸ್ಥೆಯ ತಜ್ಞರು ಒಂದೊಂದೇ ಸುರುಳಿಯನ್ನು ಶುಚಿಗೊಳಿಸಿ ಪ್ರತಿ ತೆಗೆದಾಗ ಒಟ್ಟು ಸುಮಾರು 28 ಗಂಟೆಗಳಷ್ಟು ಚಿತ್ರ ದೊರೆಯಿತು. ಅದರಲ್ಲಿ ಬಹುಪಾಲು 1900ರಿಂದ 1913ರ ನಡುವೆ ತೆಗೆದದ್ದು. ತೆಗೆದವರು ಅದೇ ಊರಿನ ಇಬ್ಬರು ಪಾಲುದಾರರು, ಸ್ಯಾಗರ್ ಮಿಚೆಲ್ ಮತ್ತು ಜೇಮ್ಸ್ ಕೆನ್ಯನ್.

ಗಿರಣಿಯ ಬಾಗಿಲಿನಿಂದ ಹೊರಬರುವ ನೇಕಾರ ಹೆಂಗಸರು, ಟ್ರಾಮಿನ ಹಿಂದೆ ಓಡುವ ಹುಡುಗರು, ಫುಟ್‌ಬಾಲ್ ಮೈದಾನದ ಅಂಚಿನಲ್ಲಿ ನೆರೆದ ಗಂಡಸರು, ಹಬ್ಬದ ಮೆರವಣಿಗೆಯಲ್ಲಿ ನಡೆಯುವ ಮಕ್ಕಳು, ಸಮುದ್ರತೀರದಲ್ಲಿ ರಜೆ ಕಳೆಯುವ ಸಂಸಾರಗಳು ಈ ಸುರುಳಿಗಳ ತುಂಬ ಇದ್ದಾರೆ. ಒಂದು ಶತಮಾನದ ಬಳಿಕ ಇವು ಕಾರ್ಮಿಕ ಜನರ ನಿತ್ಯದ ಬದುಕಿನ ಅಪೂರ್ವ ದಾಖಲೆಯೆಂದು ಮನ್ನಣೆ ಪಡೆದವು. ಯುನೆಸ್ಕೋದ ವಿಶ್ವಸ್ಮೃತಿ ಯೋಜನೆಯ ಬ್ರಿಟಿಷ್ ಪಟ್ಟಿಗೂ ಸೇರಿದವು. ಆದರೆ ನಿತ್ಯದ ಬದುಕನ್ನು ದಾಖಲಿಸಬೇಕೆಂಬ ಉದ್ದೇಶ ಮಿಚೆಲ್ ಅವರಿಗಾಗಲಿ ಕೆನ್ಯನ್ ಅವರಿಗಾಗಲಿ ಇರಲಿಲ್ಲ. ಅವರಿಗಿದ್ದದ್ದು ವ್ಯಾಪಾರ. ನಿತ್ಯದ ಬದುಕು ಕ್ಯಾಮೆರಾದ ಮುಂದೆ ಬಂದುಬಿಟ್ಟಿತು, ಅದನ್ನು ಹೊರಗಿಡುವ ಉಪಾಯ ಕ್ಯಾಮೆರಾಕ್ಕೆ ಇರಲಿಲ್ಲ, ಅಷ್ಟೇ. ಮೂಕಿ ಕಾಲದ ಸುದ್ದಿಚಿತ್ರಗಳನ್ನು ದಾಖಲೆಯಾಗಿ ಓದುವವರು ಮೊದಲು ಹಿಡಿಯಬೇಕಾದ ಎಳೆ ಇದು: ತೆಗೆದವನು ಏನನ್ನು ಮಾರಲು ಹೊರಟಿದ್ದನೆಂದು ತಿಳಿದರೆ, ಅವನು ಗಮನಿಸದೆಯೇ ಹಿಡಿದಿಟ್ಟದ್ದು ಯಾವುದೆಂದು ಬೇರ್ಪಡಿಸಲು ಸಾಧ್ಯವಾಗುತ್ತದೆ.

ಇಲ್ಲಿ ಒಂದು ಪದದ ಗೊಂದಲವನ್ನು ಬಿಡಿಸಿಕೊಳ್ಳಬೇಕು. ವಾರಕ್ಕೊಮ್ಮೆ ಅಥವಾ ಎರಡು ಬಾರಿ, ನಾಲ್ಕೈದು ಸುದ್ದಿಗಳನ್ನು ಪೋಣಿಸಿ, ಹೆಸರಿಟ್ಟು, ಚಿತ್ರಮಂದಿರಗಳಿಗೆ ಕ್ರಮವಾಗಿ ಕಳಿಸುವ ನ್ಯೂಸ್‌ರೀಲ್ ಎಂಬ ರೂಪ ಹುಟ್ಟಿದ್ದು ಸ್ವಲ್ಪ ತಡವಾಗಿ. ಫ್ರಾನ್ಸಿನ ಪಾಥೆ ಕಂಪನಿ ಅದನ್ನು 1908-09ರ ಸುಮಾರಿಗೆ ಆರಂಭಿಸಿತು. 1910ರಲ್ಲಿ ಅದು ಬ್ರಿಟನ್ನಿಗೂ 1911ರಲ್ಲಿ ಅಮೆರಿಕಕ್ಕೂ ಬಂತು. ಅದಕ್ಕಿಂತ ಮುಂಚಿನ ಹದಿನೈದು ವರ್ಷ ಚಾಲ್ತಿಯಲ್ಲಿದ್ದವು ಬಿಡಿಬಿಡಿಯಾದ, ಒಂದರಿಂದ ಮೂರು ನಿಮಿಷಗಳ ವಾಸ್ತವ ಚಿತ್ರಗಳು: ರೈಲು ಬಂತು, ಹಡಗು ಹೊರಟಿತು, ಮೆರವಣಿಗೆ ಸಾಗಿತು, ಗಿರಣಿ ಬಿಟ್ಟಿತು. ಎರಡನ್ನೂ ಒಂದೇ ಬುಟ್ಟಿಗೆ ಹಾಕುವುದು ಇಂದಿನ ರೂಢಿ. ನಿತ್ಯದ ಬದುಕಿನ ಮಟ್ಟಿಗೆ ಈ ಬಿಡಿ ಚಿತ್ರಗಳೇ ಹೆಚ್ಚು ಸಮೃದ್ಧವೆಂಬುದು ನನ್ನ ಎಣಿಕೆ. ಕಾರಣವನ್ನು ಮುಂದೆ ನೋಡೋಣ.

ಈ ಬಗೆಯ ಚಿತ್ರಗಳ ಮೂಲಮಾದರಿ ಎಲ್ಲರಿಗೂ ಗೊತ್ತಿರುವಂಥದ್ದು. ಫ್ರಾನ್ಸಿನ ಲಿಯಾನ್ ನಗರದಲ್ಲಿ ಫೋಟೊ ಫಲಕಗಳ ಕಾರ್ಖಾನೆ ನಡೆಸುತ್ತಿದ್ದ ಲೂಮಿಯೇರ್ ಸೋದರರು 1895ರಲ್ಲಿ ತಮ್ಮದೇ ಕಾರ್ಖಾನೆಯ ಬಾಗಿಲ ಎದುರು ಕ್ಯಾಮೆರಾ ನಿಲ್ಲಿಸಿ, ಕೆಲಸಗಾರರು ಹೊರಬರುವುದನ್ನು ಹಿಡಿದರು. ಆ ವರ್ಷ ಡಿಸೆಂಬರ್ 28ರಂದು ಪ್ಯಾರಿಸ್ಸಿನ ಗ್ರಾಂಡ್ ಕೆಫೆಯಲ್ಲಿ ಹಣ ಕೊಟ್ಟು ಬಂದ ಪ್ರೇಕ್ಷಕರ ಮುಂದೆ ಅದು ಓಡಿತು. ಸುಮಾರು 17 ಮೀಟರ್ ಫಿಲ್ಮು, 50 ಸೆಕೆಂಡಿಗೂ ಕಡಿಮೆ ಸಮಯ. ನೋಡಿದರೆ ಒಂದು ಸಾಮಾನ್ಯ ದಿನದ ತುಣುಕಿನಂತೆ ಕಾಣುವ ಈ ಚಿತ್ರಕ್ಕೆ ಮೂರು ಆವೃತ್ತಿಗಳಿವೆ. ಒಂದರಲ್ಲಿ ಗಾಡಿಗೆ ಒಂಟಿ ಕುದುರೆ, ಇನ್ನೊಂದರಲ್ಲಿ ಜೋಡಿ ಕುದುರೆ, ಮತ್ತೊಂದರಲ್ಲಿ ಕುದುರೆಯೇ ಇಲ್ಲ. ಬಟ್ಟೆಬರೆಗಳೂ ನೆರಳುಗಳೂ ಬೇರೆ ಬೇರೆ ಋತುವಿನವು. ಒಂದು ಆವೃತ್ತಿಯಲ್ಲಿ ಹೆಂಗಸರು ಕೆಲಸದ ಉಡುಪಿಗಿಂತ ಬಿಡುವಿನ ದಿನದ ಉಡುಪಿನಲ್ಲಿರುವಂತೆ ತೋರುತ್ತದೆ. ಫಿಲ್ಮು ಮುಗಿಯುವುದರೊಳಗೆ ಎಲ್ಲರೂ ಹೊರಬಂದಿರಬೇಕಾದ್ದರಿಂದ ಜನರು ಚುರುಕಾಗಿ ಎಡಕ್ಕೂ ಬಲಕ್ಕೂ ಹಂಚಿಹೋಗುತ್ತಾರೆ; ಕ್ಯಾಮೆರಾದ ಹಿಂದೆ ನಿಂತವರೇ ಸಂಬಳ ಕೊಡುವ ಧಣಿಗಳಾದ್ದರಿಂದ ಯಾರೂ ನಿಂತು ದಿಟ್ಟಿಸುವುದಿಲ್ಲ. ಅಂದರೆ ಸಿನಿಮಾದ ಮೊದಲ ನಿತ್ಯಜೀವನದ ದೃಶ್ಯವೇ ಮತ್ತೆ ಮತ್ತೆ ಮಾಡಿಸಿದ ದೃಶ್ಯ. ಹಾಗೆಂದು ಅದು ಸುಳ್ಳಾಗುವುದಿಲ್ಲ. ಹೊರಬಂದವರು ನಿಜವಾದ ಕೆಲಸಗಾರರು, ಅವರ ನಡಿಗೆ ಅವರದೇ, ಸೈಕಲ್ಲು ಅವರದೇ, ಕಾಲಿಗೆ ಸಿಕ್ಕ ನಾಯಿಯೂ ಅಲ್ಲಿಯದೇ. ಮಾಡಿಸಿದ್ದು ಯಾವುದು, ತಾನಾಗಿ ಆದದ್ದು ಯಾವುದು ಎಂಬ ಗೆರೆ ಒಂದೇ ಚಿತ್ರದ ನಡುವೆ ಹಾದುಹೋಗುತ್ತದೆ ಎಂಬುದಷ್ಟೇ ಇದರಿಂದ ತಿಳಿಯತಕ್ಕದ್ದು.

ಮಿಚೆಲ್ ಮತ್ತು ಕೆನ್ಯನ್ ಅವರ ವ್ಯಾಪಾರ ಇದಕ್ಕಿಂತ ಜಾಣತನದ್ದು. ಆಗ ಸ್ಥಿರವಾದ ಚಿತ್ರಮಂದಿರಗಳು ವಿರಳ; ಸಿನಿಮಾ ಊರಿಂದೂರಿಗೆ ಹೋಗುತ್ತಿದ್ದದ್ದು ಜಾತ್ರೆಗಳ ಡೇರೆಗಳಲ್ಲಿ. ನಮ್ಮ ಟೆಂಟ್ ಸಿನಿಮಾದ ಮಾಲೀಕರಂತೆ ಅಲ್ಲಿಯೂ ಪ್ರದರ್ಶಕರು ಊರು ತಲುಪಿದೊಡನೆ ಜನರನ್ನು ಡೇರೆಯೊಳಕ್ಕೆ ಸೆಳೆಯುವ ಉಪಾಯ ಹುಡುಕಬೇಕಿತ್ತು. ನಿಮ್ಮನ್ನೇ ನೀವು ಪರದೆಯ ಮೇಲೆ ನೋಡಬಹುದು ಎಂಬ ಆಮಿಷಕ್ಕಿಂತ ದೊಡ್ಡ ಆಮಿಷ ಯಾವುದು? ಪ್ರದರ್ಶಕನು ಬ್ಲ್ಯಾಕ್‌ಬರ್ನಿನ ಈ ಜೋಡಿಗೆ ಹಣ ಕೊಟ್ಟು, ಜಾತ್ರೆಗೆ ಮುಂಚೆ ಅಥವಾ ಜಾತ್ರೆಯ ದಿನಗಳಲ್ಲೇ, ಊರಿನ ದೊಡ್ಡ ಗಿರಣಿಯ ಬಾಗಿಲಲ್ಲಿ ಚಿತ್ರ ತೆಗೆಸುತ್ತಿದ್ದ. ಒಂದು ಗಿರಣಿಯಿಂದ ಸಾವಿರ ಜನ ಹೊರಬಂದರೆ ಸಾವಿರ ಮುಖ. ಒಂದೊಂದು ಮುಖವೂ ಒಂದೊಂದು ಟಿಕೆಟ್ಟು, ಜೊತೆಗೆ ಆ ಮುಖದ ಅಣ್ಣತಮ್ಮಂದಿರು, ನೆರೆಹೊರೆಯವರು. ಹೀಗಾಗಿ ಕ್ಯಾಮೆರಾಮನ್ನನ ಗಮನವೆಲ್ಲ ಒಂದು ಚಿತ್ರದಲ್ಲಿ ಸಾಧ್ಯವಾದಷ್ಟು ಮುಖಗಳನ್ನು, ಗುರುತು ಸಿಗುವಷ್ಟು ಹತ್ತಿರದಿಂದ ತುಂಬಿಸುವುದರಲ್ಲಿತ್ತು. ಬಡ ಕೂಲಿಕಾರರ ಮುಖಗಳು ಇಷ್ಟು ಸ್ಪಷ್ಟವಾಗಿ ಇಷ್ಟು ದೊಡ್ಡ ಸಂಖ್ಯೆಯಲ್ಲಿ ದಾಖಲಾದದ್ದಕ್ಕೆ ಯಾವ ಸಮಾಜಶಾಸ್ತ್ರಜ್ಞನ ಕಾಳಜಿಯೂ ಕಾರಣವಲ್ಲ; ಜಾತ್ರೆಯ ಗಲ್ಲಾಪೆಟ್ಟಿಗೆ ಕಾರಣ.

ಈ ಲೆಕ್ಕಾಚಾರ ಚಿತ್ರದ ಒಳಗೇ ಕಾಣುತ್ತದೆ. ಹಲವು ಸುರುಳಿಗಳಲ್ಲಿ ಒಳ್ಳೆಯ ಕೋಟು ತೊಟ್ಟ ಒಬ್ಬಾತ ಗುಂಪಿನ ನಡುವೆ ಓಡಾಡುತ್ತ, ಕೈ ಬೀಸಿ ಜನರನ್ನು ಕ್ಯಾಮೆರಾದತ್ತ ತಿರುಗಿಸುತ್ತಾನೆ. ಅವನು ಪ್ರದರ್ಶಕ ಅಥವಾ ಅವನ ಆಳು. ಹುಡುಗರು ಒಮ್ಮೆ ಎಡದಿಂದ ಹಾದು, ಕ್ಯಾಮೆರಾದ ಹಿಂದಿನಿಂದ ಸುತ್ತಿ, ಮತ್ತೆ ಬಲದಿಂದ ಬರುತ್ತಾರೆ. ಕೆಲವರು ಟೋಪಿ ತೆಗೆದು ಬೀಸುತ್ತಾರೆ. ಕೆಲವು ಹೆಂಗಸರು ಶಾಲಿನಿಂದ ಮುಖ ಮರೆಮಾಡಿಕೊಂಡು ಬೇಗ ದಾಟುತ್ತಾರೆ. ಕ್ಯಾಮೆರಾವನ್ನು ನೋಡಬಾರದೆಂಬ ನಿಯಮ ಇನ್ನೂ ಹುಟ್ಟಿರಲಿಲ್ಲ. ಈ ನೋಟಗಳಿಂದ ದಾಖಲೆ ಕೆಟ್ಟಿತೆಂದು ಹೇಳುವವರಿದ್ದಾರೆ. ನನಗೆ ಹಾಗೆ ಅನ್ನಿಸುವುದಿಲ್ಲ. 1901ರಲ್ಲಿ ಒಬ್ಬ ಸಾಮಾನ್ಯ ಮನುಷ್ಯ ತನ್ನ ಬೀದಿಗೆ ಬಂದ ಅಪರಿಚಿತ ಯಂತ್ರವೊಂದನ್ನು ಹೇಗೆ ಎದುರುಗೊಂಡ ಎಂಬುದೂ ಆ ದಿನದ ಬದುಕಿನ ಸಂಗತಿಯೇ ತಾನೆ.

ಇನ್ನು ಗಿರಣಿಯ ಬಾಗಿಲಿನ ಒಂದು ಚಿತ್ರವನ್ನು ನಿಧಾನವಾಗಿ ನೋಡೋಣ. ಮೊದಲು ಕಣ್ಣಿಗೆ ಬೀಳುವುದು ತಲೆಗಳು: ಬರಿತಲೆಯ ಗಂಡಸು ಇಲ್ಲವೇ ಇಲ್ಲವೆನ್ನಬೇಕು. ಕೂಲಿಯವರಿಗೆ ಬಟ್ಟೆಯ ಮೆತ್ತನೆ ಕ್ಯಾಪು. ಮೇಲ್ವಿಚಾರಕರಿಗೆ ಗಟ್ಟಿಯಾದ ದುಂಡು ಬೌಲರ್ ಟೋಪಿ. ಯಾರು ಯಾರಿಗೆ ಆಜ್ಞೆ ಮಾಡುವವರೆಂದು ಟೋಪಿಯೇ ಹೇಳುತ್ತದೆ. ನೇಕಾರ ಹೆಂಗಸರ ತಲೆಯ ಮೇಲಿಂದ ಭುಜದವರೆಗೆ ಉಣ್ಣೆಯ ಶಾಲು. ಕಾಲಿಗೆ ಮರದ ಅಟ್ಟೆಯ, ಕೆಳಗೆ ಕಬ್ಬಿಣದ ಪಟ್ಟಿ ಹೊಡೆದ ಕ್ಲಾಗುಗಳು. ಆ ಕ್ಲಾಗುಗಳು ಕಲ್ಲುಹಾಸಿನ ಮೇಲೆ ಮಾಡುತ್ತಿದ್ದ ಸದ್ದು ಲ್ಯಾಂಕಶೈರಿನ ಬೆಳಗಿನ ಗುರುತೇ ಆಗಿತ್ತು. ಮೂಕಿ ಚಿತ್ರ ಅದನ್ನು ಕೊಡಲಾರದು. ಆದರೆ ಭಾರವಾದ ಮರದ ಅಟ್ಟೆ ತೊಟ್ಟವರು ಹೆಜ್ಜೆಯನ್ನು ಹೇಗೆ ಎತ್ತಿ ಇಡುತ್ತಾರೆ ಎಂಬುದನ್ನು ಕೊಡುತ್ತದೆ. ನಿಶ್ಚಲ ಫೋಟೊದಲ್ಲಿ ಇದು ಸಿಗುವುದಿಲ್ಲ. ಸ್ಟುಡಿಯೋದ ಫೋಟೊಕ್ಕೆ ಜನ ಒಳ್ಳೆಯ ಬಟ್ಟೆ ತೊಟ್ಟು ಉಸಿರು ಬಿಗಿಹಿಡಿದು ಕೂರುತ್ತಿದ್ದರು. ಓಡುವ ಟ್ರಾಮಿನಿಂದ ಇಳಿಯುವ ಚಾಕಚಕ್ಯತೆ, ಗುಂಪಿನಲ್ಲಿ ಕೈಕೈ ಹೆಣೆದು ನಡೆಯುವ ಗೆಳತಿಯರ ಸಲಿಗೆ, ಎದುರಾದವರಿಗೆ ಟೋಪಿಯ ಅಂಚು ಮುಟ್ಟುವ ಅರೆಗಳಿಗೆಯ ವಂದನೆ: ಇವೆಲ್ಲ ಚಲನೆಯಲ್ಲಿ ಮಾತ್ರ ಇರುವಂಥವು. ಯಾರೂ ಬರೆದಿಡದಷ್ಟು ಸಾಮಾನ್ಯವಾದದ್ದರಿಂದಲೇ ಲಿಖಿತ ದಾಖಲೆಗಳಲ್ಲಿ ಇವು ಅಪರೂಪ.

ಗುಂಪಿನಲ್ಲಿ ಮಕ್ಕಳೂ ಇದ್ದಾರೆ. ಲ್ಯಾಂಕಶೈರಿನಲ್ಲಿ ಆಗ ಅರ್ಧ ದಿನದ ಪದ್ಧತಿ ಜಾರಿಯಲ್ಲಿತ್ತು. 12 ವರ್ಷ ತುಂಬಿದ ಮಕ್ಕಳು ಅರ್ಧ ದಿನ ಗಿರಣಿಯಲ್ಲಿ ದುಡಿದು ಉಳಿದರ್ಧ ಶಾಲೆಗೆ ಹೋಗಬಹುದಿತ್ತು. 1918ರ ಶಿಕ್ಷಣ ಕಾಯಿದೆಯ ಮೂಲಕ ಅದನ್ನು ರದ್ದುಪಡಿಸಲಾಯಿತಾದರೂ ಅದು ನಿಜವಾಗಿ ನಿಂತದ್ದು 1920ರ ದಶಕದ ಆರಂಭದಲ್ಲಿ. ಆದ್ದರಿಂದ ಗಿರಣಿಯ ಬಾಗಿಲಲ್ಲಿ ಕಾಣುವ ಪುಟ್ಟ ಹುಡುಗಿಯನ್ನು ಬಾಲಕಾರ್ಮಿಕಳೆಂದು ಗುರುತಿಸಲು ಮನಸ್ಸು ಹಾತೊರೆಯುತ್ತದೆ. ಎಚ್ಚರ ಬೇಕಾದದ್ದು ಇಲ್ಲಿ. ಅಪ್ಪ ಅಮ್ಮಂದಿರಿಗೆ ಬುತ್ತಿ ತರುವ ಮಕ್ಕಳೂ ಅದೇ ಹೊತ್ತಿಗೆ ಬಾಗಿಲಿಗೆ ಬರುತ್ತಿದ್ದರು. ಕ್ಯಾಮೆರಾ ಬಂದಿದೆಯೆಂಬ ಸುದ್ದಿ ಕೇಳಿ ಓಡಿಬಂದ ಬೀದಿಮಕ್ಕಳೂ ಇದ್ದರು. ಬಾಗಿಲಿನ ಒಳಗಿನಿಂದ ಬಂದವರು ಯಾರು, ಪಕ್ಕದಿಂದ ನುಸುಳಿದವರು ಯಾರು, ಯಾರ ಬಟ್ಟೆಗೆ ಹತ್ತಿಯ ನವಿರು ಅಂಟಿದೆ ಎಂದು ನೋಡಿ, ಗಿರಣಿಯ ಹಾಜರಿ ಪುಸ್ತಕವೋ ಜನಗಣತಿಯೋ ಸಿಕ್ಕರೆ ಅದಕ್ಕೆ ತಾಳೆ ಹಾಕಿ, ಆಮೇಲೆ ಮಾತಾಡಬೇಕಾಗುತ್ತದೆ. ಚಿತ್ರ ಒಂದೇ ಸಾಕ್ಷಿಯಾದರೆ ಅದು ಅರ್ಧ ಸಾಕ್ಷಿ.

ಇದೇ ಬಾಗಿಲುಗಳಿಗೂ ನಮಗೂ ಒಂದು ನಂಟಿದೆ. ಆ ಕಾಲದಲ್ಲಿ ಲ್ಯಾಂಕಶೈರಿನ ಬಟ್ಟೆಗೆ ಅತಿ ದೊಡ್ಡ ಮಾರುಕಟ್ಟೆ ಭಾರತ. ಅದರಲ್ಲೂ ಬ್ಲ್ಯಾಕ್‌ಬರ್ನಿನ ಮಗ್ಗಗಳು ಭಾರತಕ್ಕೆಂದೇ ಧೋತರಗಳನ್ನು ನೇಯುತ್ತಿದ್ದವು. ನಮ್ಮ ಕಡೆಯ ನೇಕಾರರ ಕೈಮಗ್ಗಗಳನ್ನು ಹಣ್ಣಾಗಿಸಿದ ಸೀಮೆ ಬಟ್ಟೆಯನ್ನು ನೇಯ್ದವರ ಮುಖಗಳು ಇವು: ದಣಿದ, ನಗುವ, ಮಧ್ಯಾಹ್ನದ ಊಟಕ್ಕೆ ಅವಸರದಲ್ಲಿರುವ ಹೆಂಗಸರು. 1931ರ ಸೆಪ್ಟೆಂಬರಿನಲ್ಲಿ ಗಾಂಧೀಜಿಯವರು ಬ್ಲ್ಯಾಕ್‌ಬರ್ನಿಗೆ ಹತ್ತಿರದ ಡಾರ್ವೆನ್ನಿಗೆ ಹೋದಾಗ ಅವರನ್ನು ಸುತ್ತುವರಿದು ಕೈಯೆತ್ತಿ ಜಯಕಾರ ಹಾಕಿದ ಗಿರಣಿಯ ಹೆಂಗಸರ ಫೋಟೊ ಅನೇಕರು ನೋಡಿರಬಹುದು. ಮೂವತ್ತು ವರ್ಷ ಹಿಂದಿನ ಈ ಸುರುಳಿಗಳಲ್ಲಿ ಇರುವವರು ಅವರ ತಾಯಂದಿರ ತಲೆಮಾರಿನವರು.

ಈಗ ಕಾಣದೆ ಹೋದದ್ದರ ವಿಚಾರ. ಅಂದಿನ ಫಿಲ್ಮಿಗೆ ಬೇಕಾದಷ್ಟು ಬೆಳಕನ್ನು ಸೂರ್ಯನೊಬ್ಬನೇ ಕೊಡಬಲ್ಲವನಾಗಿದ್ದ. ಅಡುಗೆಮನೆ, ಮಲಗುವ ಕೋಣೆ, ಮಗ್ಗಗಳ ಸಾಲು, ಗಣಿಯ ಸುರಂಗ, ರಾತ್ರಿಯ ಬೀದಿ, ಚಳಿಗಾಲದ ಮುಂಜಾನೆಯ ಕತ್ತಲಲ್ಲಿ ಕೆಲಸಕ್ಕೆ ಹೊರಡುವ ಸಾಲು ಇವು ಯಾವುವೂ ಈ ಚಿತ್ರಗಳಲ್ಲಿ ಇಲ್ಲವೆಂದೇ ಹೇಳಬೇಕು. ಗಿರಣಿಯ ಬಾಗಿಲಿನ ಚಿತ್ರಗಳಲ್ಲಿ ಜನ ಒಳಹೋಗುವುದಕ್ಕಿಂತ ಹೊರಬರುವುದೇ ಹೆಚ್ಚಾಗಿರುವುದಕ್ಕೆ ಮಧ್ಯಾಹ್ನದ ಬಿಡುವಿನ ಬೆಳಕು ಮುಖ್ಯ ಕಾರಣ. ಬಿಡುಗಡೆಯ ಗಳಿಗೆಯ ಲವಲವಿಕೆಯನ್ನು ಇಡೀ ದಿನದ ಲವಲವಿಕೆಯೆಂದು ತಿಳಿದರೆ ಆ ಬದುಕಿನ ಲೆಕ್ಕ ತಪ್ಪುತ್ತದೆ. ಹತ್ತು ತಾಸು ಮಗ್ಗದ ಗದ್ದಲದಲ್ಲಿ ನಿಂತವರ ದಿನದಿಂದ ಕ್ಯಾಮೆರಾ ಕಂಡದ್ದು ಎರಡು ನಿಮಿಷ, ಅದೂ ಅತ್ಯಂತ ಖುಷಿಯ ಎರಡು ನಿಮಿಷ.

ಬಣ್ಣದ ವಿಷಯದಲ್ಲಿ ಇನ್ನೊಂದು ಮೋಸವಿದೆ. ಕಪ್ಪುಬಿಳುಪು ಚಿತ್ರವೆಂದರೆ ಬಣ್ಣಗಳ ಗಾಢತೆ ಇದ್ದ ಹಾಗೆಯೇ ಬೂದು ಛಾಯೆಗಳಾಗಿ ಇಳಿದಿರುತ್ತದೆಂದು ನಾವು ಭಾವಿಸುತ್ತೇವೆ. ಆಗಿನ ಫಿಲ್ಮು ನೀಲಿ ಬೆಳಕಿಗೆ ಬಹಳ ಚುರುಕು, ಕೆಂಪಿಗೆ ಬಹುತೇಕ ಕುರುಡು. ಆದ್ದರಿಂದ ನೀಲಿ ಆಕಾಶ ಬೆಳ್ಳಗೆ ತೊಳೆದುಹೋಗುತ್ತದೆ. ಕೆಂಪು ಶಾಲು ಕಪ್ಪಾಗುತ್ತದೆ. ಕೆಂಪು ಅಂಗಿ ತೊಟ್ಟ ಆಟಗಾರ ಕಪ್ಪು ಅಂಗಿಯವನಂತೆ ಕಾಣುತ್ತಾನೆ. ಎಲ್ಲ ಬಣ್ಣಗಳನ್ನೂ ಗ್ರಹಿಸುವ ಫಿಲ್ಮು ಚಿತ್ರೋದ್ಯಮದಲ್ಲಿ ರೂಢಿಗೆ ಬಂದದ್ದು 1920ರ ದಶಕದಲ್ಲಿ. ಹಳೆಯ ಕಾಲದ ಜನರೆಲ್ಲ ಕಡುಗಪ್ಪು ಬಟ್ಟೆ ತೊಟ್ಟು ಮೋಡ ಕವಿದ ಆಕಾಶದಡಿ ಓಡಾಡುತ್ತಿದ್ದರೆಂಬ ನಮ್ಮ ಮನಸ್ಸಿನ ಚಿತ್ರದಲ್ಲಿ ಬಹುಪಾಲು ರಸಾಯನಶಾಸ್ತ್ರದ ಕೊಡುಗೆ.

ವೇಗದ ಮೋಸ ಎಲ್ಲರಿಗೂ ಪರಿಚಿತ. ಕ್ಯಾಮೆರಾದ ಹಿಡಿಯನ್ನು ಕೈಯಿಂದ ತಿರುಗಿಸಬೇಕಿತ್ತು. ಸೆಕೆಂಡಿಗೆ ಎರಡು ಸುತ್ತು, ಒಂದು ಸುತ್ತಿಗೆ ಎಂಟು ಚಿತ್ರ, ಒಟ್ಟು 16 ಎಂಬುದು ಸಾಮಾನ್ಯ ಲೆಕ್ಕ. ಫಿಲ್ಮು ಉಳಿಸಬೇಕೆಂದೋ ಕೈ ಸೋತೋ ನಿಧಾನವಾಗಿಸಿದರೆ 14ಕ್ಕೂ ಇಳಿಯುತ್ತಿತ್ತು. ಮಾತಿನ ಚಿತ್ರಗಳು ಬಂದ ಮೇಲೆ ಪ್ರೊಜೆಕ್ಟರುಗಳ ವೇಗ 24ಕ್ಕೆ ನಿಂತಿತು. 16ರಲ್ಲಿ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ಎಲ್ಲವೂ ಒಂದೂವರೆ ಪಟ್ಟು ಬೇಗ ನಡೆಯುತ್ತದೆ. ಹಳೆಯ ಕಾಲದವರು ಗೊಂಬೆಗಳಂತೆ ಕುಕ್ಕುತ್ತ ಓಡಾಡುವ, ತಲೆಮಾರುಗಳನ್ನು ನಗಿಸಿದ ಆ ದೃಶ್ಯ ಹುಟ್ಟಿದ್ದು ಹೀಗೆ. ಬ್ಲ್ಯಾಕ್‌ಬರ್ನಿನ ಸುರುಳಿಗಳನ್ನು ಸರಿಯಾದ ವೇಗಕ್ಕೆ ತಂದು 2005ರಲ್ಲಿ ಬಿಬಿಸಿ ಪ್ರಸಾರ ಮಾಡಿದಾಗ ನೋಡಿದವರು ಬೆರಗಾದದ್ದಕ್ಕೆ ಇದೂ ಒಂದು ಕಾರಣ: ಅವರು ನಮ್ಮ ಹಾಗೆಯೇ ನಡೆಯುತ್ತಿದ್ದರು. ಇನ್ನೊಂದು ಕಾರಣ, ಪೀಪಾಯಿಗಳಲ್ಲಿ ಇದ್ದದ್ದು ಕ್ಯಾಮೆರಾದಲ್ಲೇ ಓಡಿದ್ದ ಮೂಲ ನೆಗೆಟಿವ್‌ಗಳು. ಡೇರೆಯಿಂದ ಡೇರೆಗೆ ಓಡಿ ಗೀರುಬಿದ್ದ ಪ್ರತಿಗಳಾಗಿದ್ದರೆ ಅಷ್ಟು ಹೊಳಪು ಇರುತ್ತಿರಲಿಲ್ಲ.

ಬೇಕೆಂದೇ ಸೃಷ್ಟಿಸಿದ ಸುದ್ದಿಗಳೂ ಇದ್ದವು. ದಕ್ಷಿಣ ಆಫ್ರಿಕದ ಬೋಯರ್ ಯುದ್ಧದ ದೃಶ್ಯಗಳಿಗೆ ಬೇಡಿಕೆ ಬಂದಾಗ ಮಿಚೆಲ್ ಮತ್ತು ಕೆನ್ಯನ್ ಅವನ್ನು ಬ್ಲ್ಯಾಕ್‌ಬರ್ನಿನ ಸುತ್ತಲಿನ ಬಯಲಿನಲ್ಲೇ ತೆಗೆದರು. 1901ರಲ್ಲಿ ಲಿವರ್‌ಪೂಲಿನ ಬ್ಯಾಂಕೊಂದರ ಗುಮಾಸ್ತ ಗೌಡಿ ಎಂಬಾತ ಭಾರಿ ಮೊತ್ತ ಲಪಟಾಯಿಸಿ ಸಿಕ್ಕಿಬಿದ್ದಾಗ, ಅವನ ಬಂಧನವನ್ನು ಅದು ನಡೆದ ಬೀದಿಗಳಲ್ಲೇ ಮತ್ತೆ ಅಭಿನಯಿಸಿ, ಕೆಲವೇ ದಿನಗಳಲ್ಲಿ ತೆರೆಗೆ ತಂದರು. ಸುದ್ದಿಯಾಗಿ ಇದು ನಟನೆ. ಆದರೆ ಆ ಬೀದಿ, ಆ ಮನೆಗಳ ಸಾಲು, ನಿಂತು ನೋಡುತ್ತಿರುವ ನೆರೆಹೊರೆಯವರು ನಟರಲ್ಲ. ಸುಳ್ಳು ಸುದ್ದಿಯ ಹಿನ್ನೆಲೆಯಲ್ಲಿ ನಿಜವಾದ ಬೀದಿ ಉಳಿದುಕೊಂಡಿರುವ ಈ ಸಂಗತಿ ಇತಿಹಾಸಕಾರನಿಗೆ ಸುದ್ದಿಗಿಂತ ಹೆಚ್ಚು ಉಪಯೋಗದ್ದು.

ಒಂದು ಚಿತ್ರ ಯಾವಾಗ, ಎಲ್ಲಿ ತೆಗೆದದ್ದೆಂದು ಪತ್ತೆಮಾಡುವ ಕೆಲಸ ಪೊಲೀಸ್ ತನಿಖೆಗೆ ಹತ್ತಿರದ್ದು. ಇದಕ್ಕೆ ಸ್ಯಾನ್ ಫ್ರಾನ್ಸಿಸ್ಕೋದ ಮಾರ್ಕೆಟ್ ಸ್ಟ್ರೀಟಿನ ಚಿತ್ರಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. ಮೈಲ್ಸ್ ಸೋದರರು ಕೇಬಲ್ ಕಾರಿನ ಮುಂಭಾಗದಲ್ಲಿ ಕ್ಯಾಮೆರಾ ಕೂರಿಸಿ, ಬೀದಿಯುದ್ದಕ್ಕೂ ಬಂದರಿನ ಕಟ್ಟಡದವರೆಗೆ ಹನ್ನೆರಡು ನಿಮಿಷಗಳಿಗೂ ಹೆಚ್ಚು ಕಾಲ ತೆಗೆದ ಈ ಚಿತ್ರದಲ್ಲಿ ಕುದುರೆಗಾಡಿ, ಸೈಕಲ್ಲು, ಮೋಟಾರು, ಪತ್ರಿಕೆ ಮಾರುವ ಹುಡುಗರು, ಎಲ್ಲ ದಿಕ್ಕುಗಳಿಂದ ಅಡ್ಡ ಹಾಯುವ ಪಾದಚಾರಿಗಳು ಒಂದಾಗಿ ಹರಿಯುತ್ತಾರೆ. ಬಹುಕಾಲ ಇದನ್ನು 1905ರ ಸೆಪ್ಟೆಂಬರಿನದೆಂದು ನಂಬಲಾಗಿತ್ತು. ಚಿತ್ರೇತಿಹಾಸಕಾರ ಡೇವಿಡ್ ಕೀನ್ ಅವರಿಗೆ ರಸ್ತೆಯಲ್ಲಿ ನಿಂತ ಮಳೆನೀರು ಕಂಡಿತು. ಪತ್ರಿಕೆಗಳ ಹವಾಮಾನ ವರದಿಗಳನ್ನು ನೋಡಿದಾಗ ಆ ಸೆಪ್ಟೆಂಬರಿನಲ್ಲಿ ಅಂತಹ ಮಳೆಯೇ ಇಲ್ಲ. ಹಾದುಹೋಗುವ ಮೋಟಾರೊಂದರ ನಂಬರು ಫಲಕವನ್ನು ನೋಂದಣಿ ದಾಖಲೆಗೆ ಹೋಲಿಸಿದಾಗ ಅದು 1906ರ ಆರಂಭದ್ದೆಂದು ತಿಳಿಯಿತು. ಇಂತಹ ಸುಳಿವುಗಳನ್ನು ಜೋಡಿಸಿ, ಚಿತ್ರ ತೆಗೆದದ್ದು 1906ರ ಏಪ್ರಿಲ್ ತಿಂಗಳಲ್ಲಿ, ಏಪ್ರಿಲ್ 18ರ ಮಹಾ ಭೂಕಂಪಕ್ಕೆ ಕೆಲವೇ ದಿನಗಳ ಮುಂಚೆ ಎಂದು ಅವರು ತೋರಿಸಿಕೊಟ್ಟರು. ಚಿತ್ರದಲ್ಲಿರುವ ಕಟ್ಟಡಗಳಲ್ಲಿ ಬಹಳಷ್ಟು ಆ ಭೂಕಂಪದಲ್ಲೂ ಅದರ ಹಿಂದೆಯೇ ಹಬ್ಬಿದ ಬೆಂಕಿಯಲ್ಲೂ ನಾಶವಾದವು.

ಅದೇ ಚಿತ್ರವನ್ನು ಇನ್ನೊಮ್ಮೆ ನೋಡಿ, ಮೋಟಾರುಗಳನ್ನು ಮಾತ್ರ ಎಣಿಸಿದರೆ ಬೇರೊಂದು ಗುಟ್ಟು ಹೊರಬೀಳುತ್ತದೆ. ಕೆಲವು ಕಾರುಗಳು ಕ್ಯಾಮೆರಾದ ಮುಂದೆ ಹಾದು, ಸುತ್ತಿಬಂದು, ಮತ್ತೆ ಮತ್ತೆ ಕಾಣಿಸಿಕೊಳ್ಳುತ್ತವೆ. ನಗರ ಆಧುನಿಕವಾಗಿ ಕಾಣಲೆಂದು ಅವುಗಳನ್ನು ಬೇಕೆಂದೇ ಸುತ್ತಿಸಿರಬೇಕು. 1906ರ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಎಷ್ಟು ಕಾರುಗಳಿದ್ದವೆಂದು ಈ ಚಿತ್ರ ನೋಡಿ ಅಂದಾಜು ಮಾಡಿದವರು ಮೋಸಹೋದರು. ಜನರು ರಸ್ತೆ ದಾಟುತ್ತಿದ್ದ ರೀತಿಯನ್ನು ನೋಡಿದವರು ಮೋಸಹೋಗಲಿಲ್ಲ, ಏಕೆಂದರೆ ಅದನ್ನು ಯಾರೂ ಸುತ್ತಿಸಿರಲಿಲ್ಲ.

ಶೀರ್ಷಿಕೆಗಳನ್ನೂ ನಂಬುವಂತಿಲ್ಲ. ಭಾರತವನ್ನು ತೋರಿಸುವ, ಇಂದಿಗೂ ಉಳಿದಿರುವ ಅತ್ಯಂತ ಹಳೆಯ ಚಿತ್ರಗಳಲ್ಲಿ ಒಂದಾದ, 1899ರಲ್ಲಿ ವಾರ್ವಿಕ್ ಟ್ರೇಡಿಂಗ್ ಕಂಪನಿ ಹೊರತಂದ ಚಿತ್ರವೊಂದಿದೆ. ಚಲಿಸುವ ದೋಣಿಯಿಂದ ತೆಗೆದ ಅದರಲ್ಲಿ ನದಿಯ ಮೆಟ್ಟಿಲುಗಳ ಮೇಲೆ ಜನಸಂದಣಿ ಕಾಣುತ್ತದೆ. ಹೆಸರು ಕಲ್ಕತ್ತೆಯ ನೋಟವೆಂದು, ಘಟ್ಟಗಳು ಕಾಶಿಯವು. ಲಂಡನ್ನಿನ ಮಾರಾಟಪಟ್ಟಿಗೆ ಕಲ್ಕತ್ತೆಯೆಂಬ ಹೆಸರು ಹೆಚ್ಚು ಗಿರಾಕಿ ತರುತ್ತದೆಂದು ತೋರಿರಬೇಕು, ಅಥವಾ ಯಾರಿಗೂ ವ್ಯತ್ಯಾಸ ಮುಖ್ಯವಾಗಿರಲಿಕ್ಕಿಲ್ಲ. ಕಾಶಿಯಾತ್ರೆ ಮಾಡಿಬಂದ ನಮ್ಮ ಅಜ್ಜಿಯರಲ್ಲಿ ಯಾರಾದರೂ ಆ ಹೊತ್ತು ಅಲ್ಲಿದ್ದಿದ್ದರೆ ಒಂದು ಕ್ಷಣದಲ್ಲಿ ತಿದ್ದುತ್ತಿದ್ದರು. ಭಾರತೀಯರೇ ತೆಗೆದ ಮೊದಲ ಚಿತ್ರಗಳ ಗತಿ ಇನ್ನೂ ಬೇಸರದ್ದು. 1896ರ ಜುಲೈ 7ರಂದು ಮುಂಬಯಿಯ ವ್ಯಾಟ್ಸನ್ ಹೋಟೆಲಿನಲ್ಲಿ ಲೂಮಿಯೇರ್ ಚಿತ್ರಗಳ ಪ್ರದರ್ಶನ ನಡೆದ ಬಳಿಕ ಸ್ಫೂರ್ತಿಗೊಂಡ ಫೋಟೊಗ್ರಾಫರ್ ಹರಿಶ್ಚಂದ್ರ ಸಖಾರಾಮ ಭಾಟವಡೇಕರ್ ಕ್ಯಾಮೆರಾ ತರಿಸಿ, 1899ರಲ್ಲಿ ಅಲ್ಲಿನ ಹ್ಯಾಂಗಿಂಗ್ ಗಾರ್ಡನ್ಸಿನಲ್ಲಿ ನಡೆದ ಕುಸ್ತಿಯನ್ನು ತೆಗೆದರು. ಕೇಂಬ್ರಿಜ್ಜಿನ ಗಣಿತ ಪರೀಕ್ಷೆಯಲ್ಲಿ ಪ್ರಥಮ ದರ್ಜೆ ಪಡೆದು ರ‍್ಯಾಂಗ್ಲರ್ ಆಗಿ 1901ರಲ್ಲಿ ಮರಳಿದ ರಘುನಾಥ ಪರಾಂಜಪೆಯವರಿಗೆ ದೊರೆತ ಸ್ವಾಗತವನ್ನೂ ಚಿತ್ರೀಕರಿಸಿದರು. ಆ ಕುಸ್ತಿಯ ಕಣದ ಸುತ್ತ ಯಾರು ಕೂತಿದ್ದರು, ಏನು ಉಟ್ಟಿದ್ದರು, ಪಟ್ಟು ಬಿದ್ದಾಗ ಹೇಗೆ ಕೂಗೆದ್ದರು ಎಂಬುದನ್ನು ಹೇಳಬಹುದಾಗಿದ್ದ ಫಿಲ್ಮು ಉಳಿದಿಲ್ಲ.

ಉಳಿಯದಿರುವುದೇ ಸಾಮಾನ್ಯ, ಉಳಿಯುವುದು ಆಕಸ್ಮಿಕ. 1950ರ ದಶಕದ ಆರಂಭದವರೆಗೂ ಬಳಕೆಯಲ್ಲಿದ್ದ ನೈಟ್ರೇಟ್ ಫಿಲ್ಮು ರಾಸಾಯನಿಕವಾಗಿ ಸಿಡಿಹತ್ತಿ ಎಂಬ ಸ್ಫೋಟಕದ ಸಂಬಂಧಿ. ಹೊತ್ತಿಕೊಂಡರೆ ನೀರಿನಲ್ಲಿ ಮುಳುಗಿಸಿದರೂ ಆರುವುದಿಲ್ಲ, ಏಕೆಂದರೆ ಉರಿಯಲು ಬೇಕಾದ ಆಮ್ಲಜನಕ ಅದರೊಳಗೇ ಇದೆ. ಹೊತ್ತಿಕೊಳ್ಳದಿದ್ದರೆ ತನ್ನಷ್ಟಕ್ಕೆ ಕೊಳೆಯುತ್ತದೆ: ಮೊದಲು ಚಿತ್ರ ಮಾಸುತ್ತದೆ, ಆಮೇಲೆ ಜಿಗುಟಾಗುತ್ತದೆ, ಕೊನೆಗೆ ಕಂದು ಪುಡಿಯಾಗುತ್ತದೆ. ತಂಪು ಅದರ ಆಯುಸ್ಸನ್ನು ಹೆಚ್ಚಿಸುತ್ತದೆ. ಕೆನಡದ ಯೂಕಾನ್ ಪ್ರದೇಶದ ಡಾಸನ್ ಸಿಟಿಯಲ್ಲಿ 1978ರಲ್ಲಿ ನೆಲ ಅಗೆಯುತ್ತಿದ್ದಾಗ 500ಕ್ಕೂ ಹೆಚ್ಚು ಸುರುಳಿಗಳು ಸಿಕ್ಕವು. 1929ರಲ್ಲಿ ಹಳೆಯ ಈಜುಕೊಳವೊಂದನ್ನು ಮುಚ್ಚುವಾಗ ಮಣ್ಣಿನ ಬದಲು ತುಂಬಿದ್ದ ಆ ಸುರುಳಿಗಳನ್ನು ಅಲ್ಲಿನ ಹಿಮಗಟ್ಟಿದ ನೆಲ ಕಾಪಾಡಿತ್ತು. ಅವುಗಳಲ್ಲಿ ಅನೇಕ ನ್ಯೂಸ್‌ರೀಲುಗಳಿದ್ದವು. ಅಮೆರಿಕದಲ್ಲಿ ಇನ್ನೊಂದು ವಿಚಿತ್ರ ಕಾರಣದಿಂದ ಸಾವಿರಾರು ಚಿತ್ರಗಳು ಉಳಿದವು. 1912ರವರೆಗೆ ಅಲ್ಲಿನ ಕಾನೂನಿನಲ್ಲಿ ಸಿನಿಮಾಕ್ಕೆ ಪ್ರತ್ಯೇಕ ಹಕ್ಕುಸ್ವಾಮ್ಯವಿರಲಿಲ್ಲ, ಫೋಟೊಗಳಿಗೆ ಇತ್ತು; ಆದ್ದರಿಂದ ನಿರ್ಮಾಪಕರು ಇಡೀ ಚಿತ್ರವನ್ನು ಕಾಗದದ ಸುರುಳಿಯ ಮೇಲೆ ಮುದ್ರಿಸಿ ಸರ್ಕಾರಕ್ಕೆ ಒಪ್ಪಿಸುತ್ತಿದ್ದರು. ಫಿಲ್ಮು ನಾಶವಾದರೂ ಕಾಗದ ಉಳಿಯಿತು.

ಕ್ರಮಬದ್ಧ ನ್ಯೂಸ್‌ರೀಲುಗಳು ಬಂದ ಮೇಲೆ ನಿತ್ಯದ ಬದುಕು ಹಿಂದೆ ಸರಿಯಿತು. ವಾರದ ಐದು ನಿಮಿಷದಲ್ಲಿ ರಾಜನ ಭೇಟಿ, ಹಡಗಿನ ಉದ್ಘಾಟನೆ, ಕುದುರೆ ಜೂಜು ಎಲ್ಲವೂ ತೂರಬೇಕಿತ್ತು. ನಡುನಡುವೆ ಬರುವ ಅಕ್ಷರಗಳ ಫಲಕ ಏನನ್ನು ನೋಡಬೇಕೆಂದು ಮೊದಲೇ ಹೇಳಿಬಿಡುತ್ತಿತ್ತು. ಆದರೂ ಅಂಚುಗಳು ಅಂಚುಗಳಾಗಿಯೇ ಉಳಿದವು. 1913ರ ಜೂನ್ 4ರಂದು ಎಪ್ಸಮ್ಮಿನ ಡರ್ಬಿ ಓಟದಲ್ಲಿ ಮಹಿಳೆಯರ ಮತದಾನದ ಹಕ್ಕಿಗಾಗಿ ಹೋರಾಡುತ್ತಿದ್ದ ಎಮಿಲಿ ಡೇವಿಸನ್ ಓಡುವ ಕುದುರೆಗಳ ನಡುವೆ ನುಗ್ಗಿ, ದೊರೆಯ ಕುದುರೆಗೆ ಸಿಕ್ಕಿ, ನಾಲ್ಕು ದಿನಗಳ ನಂತರ ತೀರಿಕೊಂಡರು. ಓಟವನ್ನು ಹಿಡಿಯಲು ನಿಂತಿದ್ದ ಕ್ಯಾಮೆರಾಗಳಲ್ಲಿ ಆ ಕೆಲವು ಸೆಕೆಂಡುಗಳು ಸೇರಿಕೊಂಡವು. ಅವರು ಸಾಯಲೆಂದೇ ನುಗ್ಗಿದರೇ, ಕುದುರೆಗೆ ಏನನ್ನಾದರೂ ಕಟ್ಟಲು ಹೋದರೇ ಎಂಬ ವಾದ ನೂರು ವರ್ಷಗಳ ಬಳಿಕವೂ ಅದೇ ತುಣುಕುಗಳನ್ನು ಮುಂದಿಟ್ಟುಕೊಂಡು ನಡೆಯಿತು. ಫಿಲ್ಮು ಅಂಗೈಯ ಚಲನೆಯನ್ನು ತೋರಿಸಬಲ್ಲದು, ಮನಸ್ಸಿನ ಚಲನೆಯನ್ನು ತೋರಿಸಲಾರದು. ನಾನು ಆ ತುಣುಕಿನಲ್ಲಿ ನೋಡುವುದು ಬೇಲಿಯ ಸಾಲಿನಲ್ಲಿ ನಿಂತ ಜನರನ್ನು. ಒಂದು ಹೆಂಗಸು ನೆಲಕ್ಕುರುಳಿದ ಕ್ಷಣದಲ್ಲೂ ಅನೇಕ ತಲೆಗಳು ಮುಂದೆ ಸಾಗಿದ ಕುದುರೆಗಳತ್ತಲೇ ತಿರುಗಿವೆ. ಆಮೇಲಷ್ಟೇ ಗುಂಪು ಓಟದ ದಾರಿಗೆ ನುಗ್ಗುತ್ತದೆ.

ನಮ್ಮಲ್ಲಿ ಒಂದು ವಯಸ್ಸಿನವರಿಗೆ ಸಮಾಚಾರ ಚಿತ್ರವೆಂದರೆ ಸಿನಿಮಾಕ್ಕೆ ಮುಂಚೆ ಫಿಲ್ಮ್ಸ್ ಡಿವಿಷನ್ನಿನವರು ತೋರಿಸುತ್ತಿದ್ದ, ಗಂಭೀರ ಕಂಠವೊಂದು ಅಣೆಕಟ್ಟುಗಳ ಬಗ್ಗೆ ವಿವರಿಸುತ್ತಿದ್ದ ಚಿತ್ರ. ಆ ಕಂಠ ನಮ್ಮ ಕಣ್ಣನ್ನು ಕೈಹಿಡಿದು ನಡೆಸುತ್ತಿತ್ತು. ಮಂತ್ರಿಗಳ ಹಿಂದೆ ಮಣ್ಣು ಹೊರುತ್ತಿದ್ದ ಹೆಂಗಸಿನತ್ತ ನೋಡಲು ಬಿಡುವು ಕೊಡುತ್ತಿರಲಿಲ್ಲ. ಮೂಕಿ ಚಿತ್ರದ ಮೌನಕ್ಕೆ ಈ ಒಂದು ಅನುಕೂಲವಿದೆ.

ಈಚೆಗೆ ಆ ಮೌನವನ್ನೂ ತುಂಬುವ ಉತ್ಸಾಹ ಹೆಚ್ಚಾಗಿದೆ. 2020ರಿಂದೀಚೆಗೆ ಮಾರ್ಕೆಟ್ ಸ್ಟ್ರೀಟಿನ ಚಿತ್ರವೂ ಲೂಮಿಯೇರರ ರೈಲೂ ಬಣ್ಣ ಬಳಿದುಕೊಂಡು, ಕುದುರೆಗಳ ಗೊರಸಿನ ಸದ್ದು ಸೇರಿಸಿಕೊಂಡು, ಸೆಕೆಂಡಿಗೆ 60 ಚಿತ್ರಗಳ ನುಣುಪಿನಲ್ಲಿ ಯೂಟ್ಯೂಬಿನಲ್ಲಿ ಓಡುತ್ತಿವೆ. ಮೂಲದಲ್ಲಿ ಇದ್ದದ್ದು ಸೆಕೆಂಡಿಗೆ 16. ಉಳಿದ 44 ಚಿತ್ರಗಳು ಯಂತ್ರವು ಊಹಿಸಿ ತುಂಬಿದವು. ಟೋಪಿಯ ಕಂದು, ಸೆರಗಿನ ಹಸಿರು ಕೂಡ ಊಹೆ. ನೋಡಲು ಅವು ಸೊಗಸಾಗಿವೆ, ಮೊದಲ ಸಲ ಆಸಕ್ತಿ ಹುಟ್ಟಿಸಲು ಅವುಗಳಿಂದ ಅಡ್ಡಿಯಿಲ್ಲ. ಆದರೆ ಸಾಕ್ಷಿಯಾಗಿ ಬಳಸುವಾಗ, ನಾಲ್ಕರಲ್ಲಿ ಸುಮಾರು ಮೂರು ಪಾಲು ಕಲ್ಪಿತವಾದ ಚಿತ್ರದಲ್ಲಿ ಒಬ್ಬಾತ ಕಣ್ಣು ಮಿಟುಕಿಸಿದನೋ ಇಲ್ಲವೋ ಎಂದು ವಾದಿಸುವುದು ವ್ಯರ್ಥ. ಸಂಸ್ಥೆಗಳ ಭಂಡಾರಗಳಲ್ಲಿ ಬಹಳಷ್ಟು ಮೂಲಚಿತ್ರಗಳು ಉಚಿತವಾಗಿ ನೋಡಲು ಸಿಗುತ್ತವೆ. ಒಂದೇ ತುಣುಕನ್ನು ಮೂರು ನಾಲ್ಕು ಬಾರಿ, ಪ್ರತಿ ಸಲ ಚೌಕಟ್ಟಿನ ಬೇರೆ ಮೂಲೆಯ ಮೇಲೆ ಕಣ್ಣಿಟ್ಟು ನೋಡುವುದು ನಾನು ರೂಢಿಸಿಕೊಂಡ ವಿಧಾನ.

ಜಾತ್ರೆಯ ಡೇರೆಗಳು ಹಿಂದೆ ಸರಿದು ಸ್ಥಿರ ಚಿತ್ರಮಂದಿರಗಳು ಬಂದಂತೆ, ಊರಿನ ಮುಖಗಳನ್ನು ಊರಿಗೇ ಮಾರುವ ವ್ಯಾಪಾರ ಕುಸಿಯಿತು. ಕೆನ್ಯನ್ 1925ರಲ್ಲಿ ತೀರಿಕೊಂಡರು; ಮಿಚೆಲ್ 1952ರವರೆಗೆ ಬದುಕಿದ್ದರು. ಗಿರಣಿಯ ಬಾಗಿಲಿನ ಒಂದು ಚಿತ್ರಕ್ಕೆ ಬೆಲೆ ಇರುತ್ತಿದ್ದದ್ದು ಹೆಚ್ಚೆಂದರೆ ಜಾತ್ರೆ ಮುಗಿಯುವವರೆಗೆ. ಅನಂತರ ಅದು ಯಾರಿಗೂ ಬೇಡವಾದ, ಬೆಂಕಿಯ ಭಯವಿದ್ದ, ಜಾಗ ತಿನ್ನುವ ವಸ್ತು. ಆ ಕಾಲದ ಇತರ ಕಂಪನಿಗಳು ಅಂಥವನ್ನು ಎಸೆದವು, ಅಥವಾ ಅದರಲ್ಲಿದ್ದ ಬೆಳ್ಳಿಗಾಗಿ ಕರಗಿಸಿದವು. ಬ್ಲ್ಯಾಕ್‌ಬರ್ನಿನಲ್ಲಿ ಮಾತ್ರ ಯಾರೋ ಅವನ್ನು ಒಂದೊಂದಾಗಿ ಸುತ್ತಿ, ಮೂರು ಪೀಪಾಯಿಗಳಲ್ಲಿ ಹೊಂದಿಸಿ, ಗಾಳಿಯಾಡದಂತೆ ಮುಚ್ಚಳ ಹಾಕಿ, ಅಂಗಡಿಯ ಕೆಳಗಿನ ತಣ್ಣಗಿನ ಮಾಳಿಗೆಯಲ್ಲಿ ಇಟ್ಟಿದ್ದರು.